ಗಾಳೆವ್ವನ ಹೆಸರಿನ ತಿಂಗಳುಗಳು

ನಿವೃತ್ತಿಯಾದ ಮೇಲೂ ಅಡಿವೆಪ್ಪ ಕಾಲುವೆ ಬಂಗ್ಲೆ ಬಿಟ್ಟು ಹೋಗಿರಲಿಲ್ಲ. ಹೋಗು ಎಂದು ಹೇಳುವುದಕ್ಕಾದರೂ ಯಾರಾದರೂ ಆ ಕಡೆ ಬರಬೇಕಲ್ಲ, ಬರುತ್ತಿರಲಿಲ್ಲ. ಮೊದಲೆಲ್ಲ ನೀರಾವರಿ ಇಲಾಖೆಯ ಸಾಹೇಬರು ತಪಾಸಣೆಯ ಹೆಸರಲ್ಲಿ ಜೀಪಿನಲ್ಲಿ ಬಂದು, ಎರಡು ದಿನ ಉಂಡು ಮಲಗಿ, ಹೋಗುವಾಗ ಕಾಲುವೆಯ ಕಡೆ ಒಮ್ಮೆ ಕತ್ತು ತಿರುಗಿಸಿ ಹೋಗುತ್ತಿದ್ದರು. ಈಗ ಪೇಟೆಯಲ್ಲಿ ಲಾಡ್ಜುಗಳಾಗಿವೆ. ಬಂಗ್ಲೆಯ ಹೆಂಚಿನ ಸಂದಿಯಲ್ಲಿ ಪಾರಿವಾಳಗಳು ಸಂಸಾರ ಹೂಡಿದ್ದವು. ಸುತ್ತ ಎರೆಹೊಲ. ಕಡಲೆ ಕಿತ್ತ ಮೇಲೆ ಕಣ್ಣಿಗೆ ಅಡ್ಡ ಬರುವಂಥದು ಏನೂ ಇಲ್ಲ, ದೂರದ ರಸ್ತೆಯಲ್ಲಿ ಹೋಗುವ ಬಸ್ಸು ಕೂಡ ಸದ್ದಿಲ್ಲದ ಡಬ್ಬಿಯಂತೆ ಕಾಣುತ್ತದೆ. ಕಾಲುವೆಗೆ ನೀರು ಬಿಟ್ಟ ದಿನಗಳಲ್ಲಿ ಮೇಲಿನ ಹೊಲದವರು ಕೆಳಗಿನ ಹೊಲದವರ ತಾಯಿ ತಂಗಿಯರನ್ನೆಲ್ಲ ನೆನೆದು ಬೈದಾಡುತ್ತಿದ್ದರು. ಆಗಲಾದರೂ ಮನುಷ್ಯರ ದನಿ ಕೇಳಿಸುತ್ತಿತ್ತು. ಉಳಿದಂತೆ ಅಡಿವೆಪ್ಪ ದಿನಕ್ಕೊಂದು ಮಾತಾಡಿದರೆ ಹೆಚ್ಚು, ಅದೂ ಕುರಿಯವರ ನಾಯಿಯ ಜೊತೆ.

ಬಿಟ್ಟು ಹೋಗದಿರಲು ಇನ್ನೊಂದು ಕಾರಣ ಪಿಂಚಣಿ. ಅದು ಬಂದಿದ್ದರೆ ಊರಲ್ಲಿ ಒಂದು ಖೋಲಿ ಹಿಡಿದು, ನಾಲ್ಕು ಜನರ ನಡುವೆ ಕಟ್ಟೆಯ ಮೇಲೆ ಕೂತು ಸಾಯಬಹುದಿತ್ತು. ಬಂದಿರಲಿಲ್ಲ. ಇಲಾಖೆಯ ಉತ್ತರ ಸರಳವಾಗಿತ್ತು. ಅವನನ್ನು ಕಾಯಂ ಮಾಡಿದ್ದು ತಲೆ ನರೆತ ಮೇಲೆ. ಕಾಯಂ ಆದ ಮೇಲಿನ ವರ್ಷಗಳು ಹತ್ತನ್ನು ಮುಟ್ಟಲಿಲ್ಲ. ಹತ್ತು ಮುಟ್ಟದವನಿಗೆ ಪಿಂಚಣಿ ಇಲ್ಲ. ಅದಕ್ಕೂ ಹಿಂದೆ ದಿನಗೂಲಿಯಾಗಿ ಸವೆಸಿದ ಕಾಲವನ್ನು ಹಿಡಿದರೆ ಹತ್ತೇನು, ಮೂರು ಹತ್ತಾಗುತ್ತಿತ್ತು. ಆದರೆ ಹಾಗೆ ಹಿಡಿಯಬೇಕಾದರೆ ಆ ಕೆಲಸ ಎಲ್ಲೂ ಕಡಿಯದೆ ಒಂದೇ ಸಮನೆ ನಡೆದಿರಬೇಕಂತೆ. ಕಡಿದವರು ಯಾರು? ಇಲಾಖೆಯವರೇ.

ಈ ಕಡಿತದ ಕತೆ ಕಾಲುವೆಯ ಮೇಲೆ ದುಡಿದವರಿಗೆಲ್ಲ ಗೊತ್ತು. ದಿನಗೂಲಿಯವನ ಹೆಸರು ಹಾಜರಿ ಬರೆಯುವ ಮಸ್ಟರಿನಲ್ಲಿ ಬಹಳ ದಿನ ಓಡಿದರೆ ಅವನಿಗೆ ಹಕ್ಕು ಹುಟ್ಟುತ್ತದೆ. ಹಕ್ಕು ಹುಟ್ಟಬಾರದು, ಕೆಲಸವೂ ನಿಲ್ಲಬಾರದು. ಅದಕ್ಕಾಗಿ ಆರು ತಿಂಗಳು ತುಂಬುವ ಹೊತ್ತಿಗೆ ಹೆಸರು ಹೊಡೆದುಹಾಕಿ, ಒಂದೆರಡು ತಿಂಗಳು ಬೇರೆ ಹೆಸರು ಬರೆಯುತ್ತಿದ್ದರು. ಆಳು ಅವನೇ, ಸಲಿಕೆ ಅದೇ, ಹೆಸರು ಮಾತ್ರ ಬೇರೆ. ಆಳುಗಳ ಮೇಲ್ವಿಚಾರಣೆಯ ಮುಕಾದಮ ದಾವಲಸಾಬ ಕಾಲುವೆಯ ದಂಡೆಯ ಮೇಲೆ ಕುಕ್ಕರಗಾಲಲ್ಲಿ ಕೂತು, ಮಸ್ಟರನ್ನು ತೊಡೆಯ ಮೇಲಿಟ್ಟುಕೊಂಡು ಕೂಗುತ್ತಿದ್ದ.

“ಹೆಸರ ಕೊಡ್ರಲೇ, ಲಗೂ ಹೆಸರ ಕೊಡ್ರಿ. ನಿಮ್ಮ ಹೆಸರಿಗೆ ಬ್ಯಾನಿ ಬಂದೈತಿ, ಎರಡು ತಿಂಗಳ ಮಲಗಲಿ ಅವು.”

ಒಬ್ಬ ಹೆಂಡತಿಯ ಹೆಸರು ಕೊಡುತ್ತಿದ್ದ, ಇನ್ನೊಬ್ಬ ಬೀಗನದು, ಮತ್ತೊಬ್ಬ ತಮ್ಮನದು. ಮೈಲಾರೆಪ್ಪನೆಂಬವನು, ಹೆಂಡತಿಯ ಹೊಟ್ಟೆಯಲ್ಲಿದ್ದ ಕೂಸು ಗಂಡೇ ಎಂದು ತಾನೇ ತೀರ್ಮಾನ ಮಾಡಿ, ಅದಕ್ಕೆ ಇಡಬೇಕೆಂದಿದ್ದ ಹೆಸರನ್ನು ಬರೆಸಿದ. “ಹುಟ್ಟೂಕಿಂತ ಮೊದಲ ದುಡ್ಯಾಕ ಹಚ್ಚಿದ್ಯಲ್ಲೋ ಮಗನ್ನ” ಎಂದು ಉಳಿದವರು ನಕ್ಕಿದ್ದರು. ಹೆಸರು ಕೊಟ್ಟವರು ಕೂಲಿ ಬಟವಾಡೆಯ ದಿನ ಬಂದು ಹೆಬ್ಬೆಟ್ಟು ಒತ್ತಿ ಹೋದರೆ ಮುಗಿಯಿತು. ಇದು ಮೋಸ ಎಂದು ಯಾರಿಗೂ ಅನಿಸಿರಲಿಲ್ಲ. ಮೋಸ ಮಾಡುತ್ತಿದ್ದವರು ಯಾರು ಎಂಬುದು ಎಲ್ಲರಿಗೂ ಗೊತ್ತಿತ್ತು.

ಅಡಿವೆಪ್ಪ ಹೂಳು ತೆಗೆಯುವ ಗ್ಯಾಂಗಿನವನಲ್ಲ, ಬಂಗ್ಲೆ ಕಾಯುವ ಮೇಟಿ. ಬೀಗದ ಕೈ ಅವನ ಸೊಂಟದಲ್ಲಿ. ಸಾಹೇಬರು ಬಂದರೆ ಗೇಟು ತೆಗೆದು ಸಲಾಮು ಹೊಡೆಯುವುದು, ಸೊಳ್ಳೆಪರದೆ ಕಟ್ಟುವುದು, ಕಾಲುವೆಯಿಂದ ನೀರು ಹೊರುವುದು, ಕೋಳಿ ಹಿಡಿದು ತರುವುದು. ಅವನು ಪ್ರತಿ ಸಲವೂ ಬರೆಸುತ್ತಿದ್ದುದು ಹೆಂಡತಿ ಗಾಳೆವ್ವನ ಹೆಸರು. ಆ ಗಾಳೆವ್ವ ಈಗ ಅವನ ಜೊತೆಯಲ್ಲಿ ಇರಲಿಲ್ಲ. ಅವನು ಕಾಯಂ ಆದ ವರ್ಷವೇ ಎದ್ದು ಹೋದವಳು ಬೆಟಗೇರಿಯಲ್ಲಿ ಖಾನಾವಳಿ ಇಟ್ಟಿದ್ದಳು. ಮಕ್ಕಳಾಗಿರಲಿಲ್ಲ, ಹಾಗಾಗಿ ನಡುವೆ ಸುದ್ದಿ ಒಯ್ಯುವವರೂ ಇರಲಿಲ್ಲ.

ಒಂದು ಮಧ್ಯಾಹ್ನ ಕಾಲುವೆ ನೌಕರರ ಸಂಘದ ಅಧ್ಯಕ್ಷ ಶಿವಪುತ್ರಪ್ಪ ತನ್ನ ಹಳೆಯ ಮೋಟರ್ ಸೈಕಲ್ ಮೇಲೆ ಧೂಳೆಬ್ಬಿಸಿಕೊಂಡು ಬಂಗ್ಲೆಗೆ ಬಂದ. ಅವನೂ ಕಾಲುವೆಯಲ್ಲಿ ನೀರು ಬಿಡುವ ಸೌಡಿಯಾಗಿದ್ದವನೇ. ಧರಣಿ, ಲಾಠಿ ಏಟು, ಮೂರು ದಿನದ ಜೈಲು ಎಲ್ಲವನ್ನೂ ಕಂಡವನು. ದಿನಗೂಲಿ ಕಾಲವನ್ನು ಪಿಂಚಣಿಗೆ ಹಿಡಿಯಬೇಕು ಎಂದು ಇವರೆಲ್ಲರ ಪರವಾಗಿ ಒಟ್ಟಿಗೆ ಕೇಸು ಹಾಕಿಸಿದವನು ಅವನೇ. ವಕೀಲರ ಮನೆ, ಕೋರ್ಟಿನ ಮೆಟ್ಟಿಲು, ಬಸ್ಸಿನ ಧೂಳು, ಇಷ್ಟರಲ್ಲೇ ಅವನ ಕೂದಲು ಹೋಗಿತ್ತು.

“ಗೆದ್ದಂಗ ಆತಲೇ ಅಡಿವೆಪ್ಪ” ಎಂದ ಶಿವಪುತ್ರಪ್ಪ, ಗಾಡಿಯಿಂದ ಇಳಿಯುವ ಮೊದಲೇ. “ಕೋರ್ಟಿನವರು ಇಲಾಖೆಗೆ ಹೇಳ್ಯಾರ, ಒಬ್ಬೊಬ್ಬರನ್ನ ಕರದು ಚೌಕಶಿ ಮಾಡ್ರಿ ಅಂತ. ಕಡಿತದ ತಿಂಗಳದಾಗೂ ಇವರ ದುಡದಿದ್ರ, ಬರೇ ಹೆಸರು ಬ್ಯಾರೇದವರದು ಇತ್ತಂದ್ರ, ಅದನ್ನ ಸೇರಿಸಿ ಪಿಂಚಣಿ ಕೊಡ್ರಿ ಅಂದಾರ.”

“ಚಲೋ ಆತಲ್ಲ.”

“ಚಲೋ ಆಗೂದು ಐತಿ. ಹೆಸರು ಕೊಟ್ಟವರು ಬಂದು ಸಾಹೇಬರ ಮುಂದ ಹೇಳಬೇಕು, ನಂದು ಹೆಸರಷ್ಟರಿ, ನಾ ಒಂದು ದಿನ ಸುದ್ದಾ ದುಡದಿಲ್ಲರಿ ಅಂತ. ಎಲ್ಲಾರೂ ತಯಾರು ಅದಾರ. ನಿಂದೊಂದ ಉಳದದ್ದು. ನಿಂದು ಯಾರ ಹೆಸರಿತ್ತು?”

“ಗಾಳೀದು.”

ಶಿವಪುತ್ರಪ್ಪ ಟೋಪಿ ತೆಗೆದು ಬೋಳು ತಲೆ ಒರೆಸಿಕೊಂಡ. “ಊರಾಗ ಇಷ್ಟು ಮಂದಿ ಇದ್ರು” ಎಂದ. “ಮನಿ ಬಿಟ್ಟು ಹೋಗಾಕಿ ಹೆಸರ ಬೇಕಿತ್ತನ ನಿನಗ?”

“ಆವಾಗ ಹೋಗಿದ್ದಿಲ್ಲಲ್ಲ.”

“ಹೋಗು. ಕಾಲರ ಬೀಳು, ಕೈಯರ ಹಿಡಿ. ಸೀರಿ ಒಯ್ಯಿ ಒಂದು.”

ಅಡಿವೆಪ್ಪ ಸೀರೆ ಒಯ್ಯಲಿಲ್ಲ. ಎಂಥ ಸೀರೆ ತರಬೇಕೆಂಬುದು ಅವನಿಗೆ ಹೊಳೆಯಲಿಲ್ಲ. ಅವಳು ಜೊತೆಯಲ್ಲಿದ್ದಾಗಲೂ ಹಬ್ಬದ ಸೀರೆಯನ್ನು ಅವಳೇ ಆರಿಸಿ ತರುತ್ತಿದ್ದಳು, ಇವನು ಅಂಗಡಿಯ ಹೊರಗೆ ಬೀಡಿ ಸೇದುತ್ತ ನಿಲ್ಲುತ್ತಿದ್ದ.

ಖಾನಾವಳಿ ನೇಕಾರರ ಓಣಿಯ ಬಾಯಲ್ಲಿತ್ತು. ತಗಡಿನ ಚಪ್ಪರ, ಎರಡು ಸಾಲು ಬೆಂಚು, ಒಳಗೆ ಮೂರು ಒಲೆ. ಇಬ್ಬರು ಹೆಂಗಸರು ರೊಟ್ಟಿ ಬಡಿಯುತ್ತಿದ್ದರು. ಸದ್ದು ರಸ್ತೆಗೆ ಕೇಳಿಸುತ್ತಿತ್ತು. ಗಾಳೆವ್ವ ರೊಕ್ಕದ ಗಲ್ಲೆಯ ಮುಂದೆ ಕೂತಿದ್ದಳು. ಮೈ ತುಂಬಿಕೊಂಡಿದ್ದಳು, ಕಣ್ಣಿಗೆ ಚಷ್ಮಾ ಬಂದಿತ್ತು. ಅಡಿವೆಪ್ಪ ಬೆಂಚಿನ ತುದಿಯಲ್ಲಿ ಕೂತ. ತಟ್ಟೆ ಬಂತು, ರೊಟ್ಟಿ ಬಂತು, ಬದನೆಕಾಯಿ ಎಣಗಾಯಿ ಬಂತು, ಗುರೆಳ್ಳು ಚಟ್ನಿ ಬಂತು. ಅವಳು ಅವನನ್ನು ನೋಡಿದ್ದಳು. ನೋಡಿಯೂ ಉಳಿದ ಗಿರಾಕಿಗಳಿಗೆ ಹೇಗೋ ಹಾಗೆಯೇ ನಡೆದುಕೊಂಡಳು. ಅವನು ತಿಂದ. ಬಂಗ್ಲೆಯ ಖೋಲಿಯಲ್ಲಿ ವರ್ಷಗಟ್ಟಲೆ ಜೋಳದ ನುಚ್ಚು ಕುದಿಸಿ ಕುಡಿದ ಬಾಯಿಗೆ ಆ ಊಟ ಸಲೀಸಾಗಿ ಇಳಿಯಿತು. ತಾನು ಬಂದ ಕೆಲಸ ಕೂಡ ಆ ಹೊತ್ತು ನೆನಪಿಗೆ ಬರಲಿಲ್ಲ.

ಗಿರಾಕಿಗಳು ಕರಗಿದ ಮೇಲೆ ಗಾಳೆವ್ವ ಕೂತಲ್ಲಿಂದಲೇ ಕೇಳಿದಳು. “ಯಾರು ಸತ್ರು?”

“ಯಾರೂ ಇಲ್ಲ.”

“ಮತ್ಯಾಕ ಬಂದಿ?”

ರೊಟ್ಟಿ ಬಡಿಯುತ್ತಿದ್ದವಳೊಬ್ಬಳು ಕೈ ನಿಲ್ಲಿಸಿ ಕತ್ತೆತ್ತಿದಳು. “ಯಾರಕ್ಕಾ ಇಂವಾ?”

“ನಮ್ಮ ಸರಕಾರಿ ನೌಕರದಾರ” ಎಂದಳು ಗಾಳೆವ್ವ. “ಕಾಯಂ ಆಗ್ಯಾನು. ಕೈ ತೊಳ್ಯಾಕ ನೀರು ಕೊಡು ಅವಗ.”

ಹೆಂಗಸರು ಮುಖ ಮುಖ ನೋಡಿಕೊಂಡು ನಕ್ಕರು. ಅಡಿವೆಪ್ಪ ಕೈ ತೊಳೆದು, ಹೆಗಲ ವಸ್ತ್ರದಿಂದ ಒರೆಸಿಕೊಂಡು, ಶಿವಪುತ್ರಪ್ಪ ಹೇಳಿಕೊಟ್ಟದ್ದನ್ನೆಲ್ಲ ನೆಲ ನೋಡುತ್ತ ಹೇಳಿದ. ಚೌಕಶಿಯ ದಿನ ಹೇಳಿದ. ಅವಳು ಬಂದು ಏನು ಹೇಳಬೇಕೆಂಬುದನ್ನೂ ಹೇಳಿದ. ಗಾಳೆವ್ವ ಚಷ್ಮಾ ತೆಗೆದು ಸೆರಗಿನಿಂದ ಒರೆಸುತ್ತ ಕೇಳಿಸಿಕೊಂಡಳು.

“ಒಂದು ದಿನ ಸುದ್ದಾ ದುಡದಿಲ್ಲ ಅನಬೇಕನ ನಾ?”

“ಕಾಗದದಾಗಷ್ಟ.”

“ಆವಾಗೂ ಇದನ್ನ ಅಂದಿದ್ದಿ.”

ಅಂದಿದ್ದ. ಕಾಯಂ ಆದೇಶ ಬಂದ ದಿನ ಅವನು ಪೇಢೆ ತಂದು ಗ್ಯಾಂಗಿನವರಿಗೆಲ್ಲ ಹಂಚಿ, ನಾ ಇಷ್ಟು ವರ್ಷ ಸಾಹೇಬರ ಚಾಕರಿ ಮಾಡಿದ್ದು ಸಾರ್ಥಕ ಆತು ಎಂದು ಮೀಸೆ ತಿರುವಿದ್ದ. ಗಾಳೆವ್ವ ಅಡಿಗೆ ಖೋಲಿಯ ಬಾಗಿಲಲ್ಲಿ ನಿಂತು, “ಮತ್ತ ನನ್ನ ಹೆಸರಿಲೆ ಇದ್ದ ತಿಂಗಳಾ?” ಎಂದು ಕೇಳಿದ್ದಳು. ತಮಾಷೆಗೆ ಕೇಳಿರಲಿಲ್ಲ. ಅವನು ತಮಾಷೆ ಎಂದುಕೊಂಡು, “ನಿನ್ನ ಹೆಸರ ಕಾಗದದಾಗಷ್ಟಲೇ” ಎಂದು ನಕ್ಕ. ಗ್ಯಾಂಗಿನವರೂ ನಕ್ಕರು. ಅವಳು ಪೇಢೆ ತಿನ್ನಲಿಲ್ಲ. ಮರುವಾರ ಹೊರಟುಹೋದಳು. ಒಂದು ನಗೆಗೆ ಯಾರಾದರೂ ಮನೆ ಬಿಡುತ್ತಾರೇನು ಎಂದು ಅವನು ಬಹಳ ವರ್ಷ ಅಂದುಕೊಂಡಿದ್ದ.

“ಕೋಳಿ ಯಾರು ತರತಿದ್ರು?” ಎಂದು ಗಾಳೆವ್ವ ಕೇಳಿದಳು.

“ನಾ.”

“ಅರದಾಕಿ, ಬೇಯಿಸಿದಾಕಿ? ಜೀಪು ಹೊತ್ತಲ್ಲದ ಹೊತ್ತಿನಾಗ ಬಂದ್ರ ಎದ್ದು ಹಿಟ್ಟು ನಾದಿದಾಕಿ? ಸಾಹೇಬರು ಕುಡದು ಕಾರಿಕೊಂಡ ಚಾದರ ಕಾಲುವ್ಯಾಗ ತಿಕ್ಕಿದಾಕಿ?”

ಅಡಿವೆಪ್ಪ ಹೆಗಲ ವಸ್ತ್ರವನ್ನು ಮಡಚಿ ತೊಡೆಯ ಮೇಲಿಟ್ಟುಕೊಂಡ. ಆಮೇಲೆ, “ನಾ ಏನೂ ಮಾಡ್ಲಿಲ್ಲೇನ ಹಂಗಾರ?” ಎಂದ.

“ಮಾಡಿದಿ. ನಾ ಇಲ್ಲ ಅನ್ನೂದಿಲ್ಲ. ನೀನೂ ಅನಬ್ಯಾಡ.” ಅವಳು ಚಷ್ಮಾ ಹಾಕಿಕೊಂಡಳು. “ಎಂಟು ತಿಂಗಳದಾಗ ಆರು ನಿನ್ನ ಹೆಸರಿಲೆ ದುಡದೀನಿ, ಎರಡು ನನ್ನ ಹೆಸರಿಲೆ ದುಡದೀನಿ. ಆರು ತಗೋ, ನಾ ಕೇಳಾಂಗಿಲ್ಲ. ಎರಡೂ ಕೊಡಂದ್ರ ಹ್ಯಾಂಗ?”

“ಅದನ್ನ ಹೇಳಿದ್ರ ಪಿಂಚಣಿ ಬರೂದಿಲ್ಲ ಗಾಳಿ.”

“ಬರಲಿಕ್ಕಿಲ್ಲ.”

“ನಾ ಹೊಟ್ಟಿಗೆ ಏನ್ ತಿನ್ನಲಿ?”

“ಈಗ ಏನ್ ತಿಂತಿ, ಅದನ್ನ” ಎಂದು ಅವಳು ಎದ್ದು ಒಳಗೆ ಹೋದಳು. ಹೋಗುವಾಗ ಆ ಹೆಂಗಸರಿಗೆ, “ಅವನ ಕಡೆ ರೊಕ್ಕ ಇಸಗೊಬ್ಯಾಡ್ರಿ” ಎಂದಳು. ಅದೊಂದು ಮಾತಿನಿಂದ ಅಡಿವೆಪ್ಪನಿಗೆ ತಾನು ಅಲ್ಲಿಗೆ ಯಾರೂ ಅಲ್ಲ ಎಂಬುದು ಗೊತ್ತಾಯಿತು. ಗಿರಾಕಿಯಾಗಿದ್ದರೆ ಇಸಿದುಕೊಳ್ಳುತ್ತಿದ್ದರು, ಗಂಡನಾಗಿದ್ದರೆ ಆ ಮಾತು ಹೇಳಬೇಕಾಗಿರಲಿಲ್ಲ.

ಸುದ್ದಿ ಕೇಳಿ ಶಿವಪುತ್ರಪ್ಪನಿಗೆ ಸಿಟ್ಟು ಬರಲಿಲ್ಲ. ಬರುವ ಕಾಲ ಮುಗಿದಿತ್ತು. ಪೇಟೆಯ ಚಹಾದಂಗಡಿಯ ಹಿಂದೆ ಸಂಘದವರೆಲ್ಲ ಕೂಡಿದ್ದರು. ಪ್ಯಾಂಟು ತೊಟ್ಟವರು, ಧೋತರ ಉಟ್ಟವರು, ಎಲ್ಲರೂ ಮುದುಕರು. ಒಬ್ಬನಿಗೆ ಮೊಣಕಾಲು ಹೋಗಿದೆ, ಒಬ್ಬನಿಗೆ ಸಕ್ಕರೆ ಬೇನೆ, ಇಬ್ಬರು ಕೇಸು ನಡೆಯುವಾಗಲೇ ಸತ್ತು ಅವರ ಹೆಂಡಂದಿರು ಬಂದು ಕೂತಿದ್ದಾರೆ.

“ಅಕಿ ದುಡದೀನಿ ಅಂದ್ರ ನಿನ್ನ ನೌಕರಿ ಅಲ್ಲೇ ಕಡೀತು, ತಿಳೀತಿಲ್ಲೋ?” ಎಂದ ಶಿವಪುತ್ರಪ್ಪ. “ಅದಕ್ಕ ಅಕಿ ಬರೂದ ಬ್ಯಾಡ. ಸತ್ತಾಳಂತ ಬರಸೂಣು.”

“ಯಾರು ಸತ್ತಾರ?” ಎಂದ ಅಡಿವೆಪ್ಪ.

“ಗಾಳೆವ್ವ. ಹೆಸರು ಕೊಟ್ಟವರು ಸತ್ತಿದ್ರ ಮುಕಾದಮನ ಮಾತು ನಡೀತೈತಿ. ದಾವಲ ಮಾವ ಹೇಳ್ತಾನ, ಬಂಗ್ಲ್ಯಾಗ ದುಡದಾಂವ ಅಡಿವೆಪ್ಪ ಒಬ್ಬನ ಅಂತ. ಮುಗೀತು.”

ದಾವಲಸಾಬ ತಂಬಾಕು ತಿಕ್ಕುತ್ತಿದ್ದ. “ನಾ ಹೇಳ್ತೀನಿ ಬಿಡಪಾ” ಎಂದ. “ಅಕಿ ಕೈಲೆ ಎಷ್ಟೋ ಸಲ ಉಂಡೀನಿ. ಅಲ್ಲಾ ನನ್ನ ಬಾಯಾಗ ಮಣ್ಣು ಹಾಕಲಿ. ಆದ್ರ ಹೇಳ್ತೀನಿ.”

“ಬೆಟಗೇರ್ಯಾಗ ಇರೂ ಮನಷ್ಯಾಳನ್ನ ಸತ್ತಾಳಂತ ಹ್ಯಾಂಗ ಬರಸ್ತಿ?”

“ನಿನಗ ಬದುಕ್ಯಾಳನು ಅಕಿ?” ಎಂದ ಶಿವಪುತ್ರಪ್ಪ. “ಹತ್ತು ವರ್ಷಾತು. ನೀ ಸತ್ತೋ ಇದ್ದ್ಯೋ ಅಂತ ಒಮ್ಮಿ ನೋಡ್ಯಾಳೇನು? ನಿನಗೊಬ್ಬನಿಗೇ ಅಂತ ಅಲ್ಲೋ ಅಡಿವೆಪ್ಪ. ಒಂದು ಹೆಸರು ಸುಳ್ಳಾದ್ರ ಎಲ್ಲಾ ಹೆಸರು ಸುಳ್ಳು ಅಂತಾರ ಅವರು. ಇವರನ್ನೆಲ್ಲ ನೋಡು.”

ಅಡಿವೆಪ್ಪ ನೋಡಿದ. ಸತ್ತ ಗೆಳೆಯರ ಹೆಂಡಂದಿರು ಅವನನ್ನೇ ನೋಡುತ್ತಿದ್ದರು. ಅವನು ಹೂಂ ಎಂದ. ಶಿವಪುತ್ರಪ್ಪ ಅಲ್ಲೇ ಕಾಗದ ಬರೆದು ಅವನ ಸಹಿ ಹಾಕಿಸಿಕೊಂಡ. ಸಹಿ ಹಾಕಿ ಬಂಗ್ಲೆಗೆ ಬಂದವನಿಗೆ ಆವತ್ತು ನುಚ್ಚು ಕುದಿಸಲೂ ಮನಸ್ಸಾಗಲಿಲ್ಲ. ಹೆಂಡತಿ ಸತ್ತರೆ ಗಂಡ ಏನು ಮಾಡುತ್ತಾನೆ? ಅಳುತ್ತಾನೆ, ಇಲ್ಲವೆ ನಾಲ್ಕು ಜನ ಬಂದು ಮಾತಾಡಿಸುತ್ತಾರೆ. ಅವನಿಗೆ ಅಳುವೂ ಬರಲಿಲ್ಲ, ಯಾರೂ ಬರಲಿಲ್ಲ. ಮರುದಿನ ಹಗಲು ಪೂರ್ತಿ ಬಂಗ್ಲೆಯ ಪಡಸಾಲೆಯಲ್ಲಿ ಕೂತ.

ಚೌಕಶಿ ನಡೆದದ್ದು ಪೇಟೆಯ ಕಚೇರಿಯಲ್ಲಿ. ಸಾಹೇಬ ಹೊಸಬ, ಇನ್ನೂ ಮೂವತ್ತೈದು ದಾಟದವನು, ಹುಬ್ಬಳ್ಳಿಯ ಕಡೆಯವನು. ಒಳ್ಳೆಯವನೇ. ಎಲ್ಲರಿಗೂ ಕುರ್ಚಿ ಹಾಕಿಸಿದ. ಒಬ್ಬೊಬ್ಬರನ್ನೇ ಕರೆದು ಕೇಳಿದ. ಹೆಸರು ಕೊಟ್ಟವರು ಬಂದು, ನಂದು ಹೆಸರಷ್ಟರಿ, ಬಟವಾಡೇಕ ಬಂದು ಬಟ್ಟು ಒತ್ತೀನ್ರಿ ಎಂದು ಹೇಳಿ ಹೋದರು. ಅವರು ಹೇಳಿದ್ದು ನಿಜವೇ ಆಗಿತ್ತು. ಮೈಲಾರೆಪ್ಪನ ಸರದಿ ಬಂದಾಗ ಸಾಹೇಬ ಕಾಗದ ಎರಡು ಸಲ ನೋಡಿದ.

“ನಿಮ್ಮ ಮಗ ಹುಟ್ಟಿದ್ದು ಯಾವಾಗ?”

“ಆ ವರ್ಷ ಮುಂಗಾರಿನ್ಯಾಗ್ರಿ.”

“ಈ ಮಸ್ಟರು ಬ್ಯಾಸಿಗೀದು. ಹುಟ್ಟೂಕಿಂತ ಮೊದಲು ಕಾಲುವೆಯ ಹೂಳು ತೆಗದಾನ ನಿಮ್ಮ ಮಗ?”

“ಹೂಳು ತಗದಾಂವ ನಾನ್ರಿ” ಎಂದ ಮೈಲಾರೆಪ್ಪ. “ಅಂವಾ ಈಗ ಹುಟ್ಟಿ ಮೂವತ್ತು ವರ್ಷಾದ್ರೂ ಒಂದು ಸಲಿಕಿ ಮುಟ್ಟಿಲ್ಲರಿ.”

ಸಾಹೇಬ ನಕ್ಕುಬಿಟ್ಟ. ಇದಕ್ಕಿಂತ ದೊಡ್ಡ ಸಾಕ್ಷಿ ಬೇಕಿಲ್ಲ ಎಂದು ಬರೆದುಕೊಂಡ. ಹೊರಗೆ ಕೂತವರಿಗೂ ನಗೆ ಮುಟ್ಟಿತು. ಪಿಂಚಣಿ ಕೈಗೆ ಬಂದಷ್ಟೇ ಸಂತೋಷವಾಗಿ ಶಿವಪುತ್ರಪ್ಪ ಎಲ್ಲರಿಗೂ ಚಹಾ ತರಿಸಿದ.

ಕೊನೆಯವನು ಅಡಿವೆಪ್ಪ. ದಾವಲಸಾಬ ಅವನ ಜೊತೆ ಒಳಗೆ ಬಂದು ಗೋಡೆಗೆ ಆತು ನಿಂತ. ಸಾಹೇಬ ಓದಿದ. “ಗಾಳೆವ್ವ. ಮಡದಿ. ಮೃತ.” ಆಮೇಲೆ ತಲೆ ಎತ್ತಿ, ಒಳ್ಳೆಯ ದನಿಯಲ್ಲಿ ಕೇಳಿದ. “ಯಾವಾಗ ತೀರಿಕೊಂಡ್ರು, ಅಜ್ಜಾರ?”

ಅಡಿವೆಪ್ಪ ಆ ಪ್ರಶ್ನೆಗೆ ತಯಾರಾಗಿರಲಿಲ್ಲ. ಶಿವಪುತ್ರಪ್ಪನೂ ತಯಾರು ಮಾಡಿರಲಿಲ್ಲ. ಸತ್ತಿದ್ದಾಳೆ ಎಂದು ಬರೆದರಾಯಿತು ಎಂದುಕೊಂಡಿದ್ದರು, ಸತ್ತವರು ಒಂದು ದಿನ ಹಿಡಿದು ಸಾಯಬೇಕೆಂಬುದು ಯಾರಿಗೂ ಹೊಳೆದಿರಲಿಲ್ಲ. ಬಾಯಿಗೆ ಬಂದ ವರ್ಷ ಹೇಳಿದ್ದರೆ ಸಾಕಿತ್ತು. ಹೇಳಲು ಬಾಯಿ ತೆರೆದ. ಆದರೆ ಆ ಹುಡುಗ ಸಾಹೇಬ ಪೆನ್ನು ಹಿಡಿದು, ಇವನ ಮನೆಯಲ್ಲಿ ನಿಜವಾಗಿ ಸಾವಾಗಿದೆ ಎಂಬಂತೆ ಮುಖ ಮಾಡಿಕೊಂಡು ಕಾಯುತ್ತಿದ್ದ. ಗಾಳೆವ್ವ ಹೋದ ಮೇಲೆ ಅವಳ ಬಗ್ಗೆ ಹೀಗೆ ಮೆತ್ತಗೆ ಕೇಳಿದ ಮೊದಲ ಮನುಷ್ಯ ಅವನು.

“ಸತ್ತಿಲ್ಲರಿ” ಎಂದ ಅಡಿವೆಪ್ಪ. “ಬೆಟಗೇರ್ಯಾಗ ಖಾನಾವಳಿ ನಡಸ್ತಾಳ್ರಿ.”

ದಾವಲಸಾಬ ಗೋಡೆಯಿಂದ ಬೆನ್ನು ತೆಗೆದ.

“ಮತ್ತ ಇಲ್ಲಿ ಮೃತ ಅಂತ ಬರದೈತಲ್ಲ?”

“ಬರಸಿದ್ದು ನಾನರಿ. ತಪ್ಪಾತು. ಆ ತಿಂಗಳದಾಗ ದುಡದಾಕೀನೂ ಅಕೀನರಿ. ಅಡಿಗಿ, ಅರವಿ, ಕಸ, ಎಲ್ಲಾ. ನನ್ನ ಹೆಸರಿದ್ದ ತಿಂ‍ಗಳದಾಗೂ ದುಡದಾಳ್ರಿ. ನಾನೂ ದುಡದೀನಿ. ಇಬ್ಬರೂ ದುಡದೀವ್ರಿ.”

ಸಾಹೇಬ ಪೆನ್ನು ಕೆಳಗಿಟ್ಟ. “ಇದನ್ನ ನಾ ಬರಕೊಂಡ್ರ ಏನಾಕ್ಕೈತಿ ಗೊತ್ತೈತೇನ್ರಿ? ಆ ತಿಂಗಳು ನಿಮ್ಮ ಕೆಲಸ ಅಲ್ಲ ಅಂತ ಆಕ್ಕೈತಿ. ಮುಂದಿನದು ಹಿಂದಿನದು ಎಲ್ಲಾ ಹೋಗತೈತಿ.”

“ಗೊತ್ತೈತ್ರಿ.”

“ಒಂದು ಹುದ್ದೆಗೆ ಇಬ್ಬರು ದುಡದ್ರು ಅಂತ ಬರ್ಯಾಕ ನನ್ನ ಕಡೆ ಜಾಗಾ ಇಲ್ಲ.”

“ಇರಲಿಕ್ಕಿಲ್ಲರಿ” ಎಂದ ಅಡಿವೆಪ್ಪ. “ಆದ್ರೂ ಬರಕೋರಿ.”

ಸಾಹೇಬ ಬರೆದುಕೊಂಡ. ಆಮೇಲೆ ಸಂಘದವರನ್ನೆಲ್ಲ ಮತ್ತೆ ಒಳಗೆ ಕರೆಸಿ, ಹೆಸರು ಕೊಟ್ಟ ಉಳಿದವರೂ ಆಧಾರ್ ಕಾರ್ಡು ತಂದು ತೋರಿಸಬೇಕು, ಅವರನ್ನೆಲ್ಲ ಇನ್ನೊಮ್ಮೆ ಕೇಳಬೇಕಾಗುತ್ತದೆ ಎಂದ. ಮುಗಿಯುವುದರಲ್ಲಿದ್ದ ಕೆಲಸ ಮುಂದಿನ ತಿಂಗಳಿಗೆ ಹೋಯಿತು. ಹೊರಗೆ ಚಹಾದ ಲೋಟಗಳು ಅರ್ಧ ಕುಡಿದವು ಹಾಗೇ ಇದ್ದವು.

ಶಿವಪುತ್ರಪ್ಪ ಬೈಯಲಿಲ್ಲ. “ಧರಣಿಗೆ ಕೂತಾಗ ಮಳಿ ಬಂತಂದ್ರ ಒಬ್ಬಾಂವಾ ಎದ್ದು ಹೋಗ್ತಾನ ನೋಡು” ಎಂದ, ಅಡಿವೆಪ್ಪನ ಮುಖ ನೋಡದೆ, ಬೇರೆ ಯಾರಿಗೋ ಹೇಳುವಂತೆ. “ಅಂವಾ ಹೋದದ್ದಕ್ಕ ಬ್ಯಾಸರ ಇಲ್ಲ. ಎಲ್ಲಾರ ಛತ್ರಿ ಅಂವನ ಕೈಯಾಗ ಇತ್ತು.”

ಎಲ್ಲರೂ ಒಂದೇ ಬಸ್ಸಿಗೆ ಹೋಗಬೇಕಾದವರು. ಬಸ್ಸಿನಲ್ಲಿ ಸೀಟುಗಳಿದ್ದವು. ಖಾಲಿ ಸೀಟಿನ ಮೇಲೆಲ್ಲ ಟವೆಲ್ಲು, ಚೀಲ, ಔಷಧಿಯ ಪೊಟ್ಟಣ ಇದ್ದವು. ಅಡಿವೆಪ್ಪ ಹತ್ತಿರ ಹೋದಾಗ ಯಾರೂ ಅವನ್ನು ಎತ್ತಲಿಲ್ಲ. ಸತ್ತ ಗೆಳೆಯನೊಬ್ಬನ ಹೆಂಡತಿ ಕಿಟಕಿಯ ಕಡೆ ಮುಖ ತಿರುಗಿಸಿದಳು. ಅವನು ಕಂಬಿ ಹಿಡಿದು ನಿಂತ. ಕಂಡಕ್ಟರ್ “ಕುಂದ್ರಜ್ಜಾ, ಜಾಗಾ ಐತಲ್ಲ” ಎಂದ. ಅಡಿವೆಪ್ಪ “ಇರಲಿ, ಹಗುರಾಗಿ ಹೊಂಟೀನಿ” ಎಂದು ಕಾಲುವೆಯ ಸೇತುವೆ ಬರುವವರೆಗೂ ನಿಂತೇ ಹೋದ. ಇಳಿಯುವಾಗ ಹಿಂದಿನಿಂದ ಒಬ್ಬ, “ಹೆಂಡ್ತೀನ ಬದುಕಿಸಿ ಬಂದಾನಲೇ” ಎಂದ. ಯಾರೂ ನಗಲಿಲ್ಲ.

ಉಳಿದವರಿಗೆಲ್ಲ ಆರು ತಿಂಗಳ ಮೇಲೆ ಪಿಂಚಣಿ ಆಯಿತು. ಅಡಿವೆಪ್ಪನಿಗೆ ಅರ್ಹನಲ್ಲ ಎಂಬ ಆದೇಶ ಬಂತು, ಅದರ ಹಿಂದೆಯೇ ಬಂಗ್ಲೆ ಖಾಲಿ ಮಾಡಬೇಕೆಂಬ ಆದೇಶವೂ ಬಂತು. ಇಲಾಖೆಗೆ ಅವನು ಅಲ್ಲಿರುವುದು ಗೊತ್ತಾದದ್ದೇ ಈ ಕೇಸಿನಿಂದ. ಪೇಟೆಯ ಹತ್ತಿ ಬಿಡಿಸುವ ಜಿನ್ನಿನಲ್ಲಿ ಕಾವಲಿಗೆ ಒಬ್ಬ ಮುದುಕ ಬೇಕಾಗಿದ್ದ. ಇವನು ಒಪ್ಪಿಕೊಂಡ.

ಬಂಗ್ಲೆ ಬಿಡುವ ಹಿಂದಿನ ವಾರ ದಾವಲಸಾಬ ಬಂದ. ಬಸ್ಸಿಳಿದು, ಹೊಲದ ದಾರಿ ತುಳಿದು, ಏದುಸಿರು ಬಿಡುತ್ತ ಬಂದು ಪಡಸಾಲೆಯ ಕಟ್ಟೆಯ ಮೇಲೆ ಕೂತ. ಬಹಳ ಹೊತ್ತು ಪಾರಿವಾಳಗಳನ್ನು ಬೈದ. ಆಮೇಲೆ ಹೇಳಿದ.

“ಬೆಟಗೇರಿಗೆ ಹೋಗಿದ್ದೆ, ಮಮ್ಮಗಳ ಮದಿವಿ ಸೀರಿಗೆ. ಅಕಿ ಕಡೆ ಉಂಡೆ.”

ಅಡಿವೆಪ್ಪ ಟ್ರಂಕಿಗೆ ಹಗ್ಗ ಬಿಗಿಯುತ್ತಿದ್ದ. ಕೈ ನಿಲ್ಲಿಸಲಿಲ್ಲ.

“ಹೇಳಿದೆ ಅಕಿಗೆ. ಹಿಂಗಿಂಗ ಆತು, ಹಿಂಗಿಂಗ ಹೇಳಿದ ಅಂತ.”

“ಏನಂದ್ಲು?”

“ಏನಂದ್ಲು ಅಂದ್ರ... ಯಾರ ಮುಂದ ಹೇಳಿದಾ ಅಂದ್ಲು. ಸಾಹೇಬರ ಮುಂದ ಅಂದೆ. ಬರಕೊಂಡ್ರನ ಅಂದ್ಲು. ಬರಕೊಂಡ್ರು, ನಾ ಅಲ್ಲೇ ನಿಂತಿದ್ದೆ ಅಂದೆ. ಆಮ್ಯಾಲೆ ಒಳಗ ಹೋಗಿ ಬಹಳ ಹೊತ್ತು ಹೊರಗ ಬರಲಿಲ್ಲ. ಆ ಹೆಂಗಸರ ನನಗ ಅನ್ನ ನೀಡಿದ್ರು.”

“ಬಾ ಅಂತ ಅಂದಾಳೇನು?”

ದಾವಲಸಾಬ ಸುಳ್ಳು ಹೇಳಬಹುದಿತ್ತು. ಮಸ್ಟರಿನಲ್ಲಿ ಜೀವಮಾನವಿಡೀ ಅದನ್ನೇ ಬರೆದವನು. “ಇಲ್ಲಪಾ” ಎಂದ.

ಅಡಿವೆಪ್ಪ ತಲೆಯಾಡಿಸಿದ. ಚಹಾ ಮಾಡಿ ಕೊಟ್ಟ. ದಾವಲಸಾಬ ಹೊರಟಾಗ, ಬೇಡವೆಂದರೂ ಕೇಳದೆ ರಸ್ತೆಯವರೆಗೂ ಅವನ ಜೊತೆ ನಡೆದ. ದಾರಿಯುದ್ದಕ್ಕೂ ಹಳೆಯ ಸಾಹೇಬರ ಸುದ್ದಿ, ಸತ್ತವರ ಸುದ್ದಿ, ಮೈಲಾರೆಪ್ಪನ ಮಗ ಕೊನೆಗೂ ಒಂದು ಅಂಗಡಿ ಇಟ್ಟ ಸುದ್ದಿ, ಎಲ್ಲವನ್ನೂ ಬಿಡದೆ ಕೇಳಿದ. ದಾವಲಸಾಬನ ಬಸ್ಸು ಬಂತು, ಅವನು ಹತ್ತಿ ಹೋದ.

ಅಡಿವೆಪ್ಪ ರಸ್ತೆಯಲ್ಲೇ ನಿಂತ. ಸ್ವಲ್ಪ ಹೊತ್ತಿಗೆ ಎದುರು ದಿಕ್ಕಿನಿಂದ ಇನ್ನೊಂದು ಬಸ್ಸು ಬಂದು ಅವನ ಮುಂದೆ ನಿಧಾನ ಮಾಡಿತು. ಕಂಡಕ್ಟರ್ ಬಾಗಿಲಲ್ಲಿ ಜೋತುಬಿದ್ದು, “ಗದಗ, ಬೆಟಗೇರಿ, ಹತ್ತತಿಯೇನಜ್ಜಾ?” ಎಂದು ಕೇಳಿದ.

ಅಡಿವೆಪ್ಪ ಇಲ್ಲವೆಂದು ಕೈಯಾಡಿಸಿದ. ಬಸ್ಸು ಹೋಯಿತು. ಅವನು ಹೊಲದ ದಾರಿಗೆ ಇಳಿದ.